ಹುಣಸೆಮರದ ಪೇಶಿ

"ಇನ್ನೊಮ್ಮಿ ಕೇಳ್ತೇನಿ ತಾಯಿ. ಈ ಜಗಳ ಬ್ಯಾರೆ ಯಾವ ಕಚೇರ್ಯಾಗರೆ ನಡದದೇನು?"

ಗುಂಡಮ್ಮ ಹೀಗೆ ಕೇಳಿದಾಗ ಈಶ್ವರಿಗೆ ನಗು ತಡೆಯುವುದೇ ಕಷ್ಟವಾಯಿತು. ಬೀದರಿನ ಹೈಸ್ಕೂಲೊಂದರಲ್ಲಿ ಹದಿನೇಳು ವರ್ಷದಿಂದ ವಿಜ್ಞಾನ ಕಲಿಸುತ್ತ ಬಂದವಳು ಅವಳು. ಔರಾದಿನಿಂದ ಮೂರು ಮೈಲಿ ಆಚೆ, ಕರಿ ಎರೆಹೊಲಗಳ ನಡುವೆ, ಒಂದು ಮುದಿ ಹುಣಸೆಮರದ ಬುಡದಲ್ಲಿ ಕೂತು, ಹಣೆತುಂಬ ಭಂಡಾರ ಬಳಿದುಕೊಂಡ ಮುದುಕಿಯೊಬ್ಬಳ ವಿಚಾರಣೆಗೆ ಉತ್ತರ ಕೊಡುತ್ತಿರುವ ತನ್ನನ್ನು ಹತ್ತನೇ ತರಗತಿಯ ಹುಡುಗಿಯರು ಕಂಡರೆ ಏನೆಂದುಕೊಂಡಾರು ಎಂದು ಯೋಚಿಸುತ್ತಿದ್ದಳು.

"ಇಲ್ಲರಿ ಆಯಿ," ಎಂದಳು. "ಬ್ಯಾರೆ ಎಲ್ಲೂ ಇಲ್ಲ."

ಹಸೀ ಸುಳ್ಳು. ಇದೇ ಜಗಳದ ದಾವೆ ಭಾಲ್ಕಿಯ ಕೋರ್ಟಿನಲ್ಲಿ ಎಂಟು ತಿಂಗಳಿಂದ ನಡೆಯುತ್ತಿತ್ತು. ಹಾಕಿದವಳು ಇವಳೇ. ಪಕ್ಕದಲ್ಲಿ ಮೊಣಕಾಲು ಅಪ್ಪಿಕೊಂಡು ಕೂತಿದ್ದ ತಮ್ಮ ಅಮಿತಕುಮಾರನೇ ಅದರ ಪ್ರತಿವಾದಿ. ಅವನು ನೆಲ ನೋಡುತ್ತಿದ್ದ.

ಗುಂಡಮ್ಮ ಅವಳ ಮುಖದಿಂದ ಕಣ್ಣು ಕೀಳಲಿಲ್ಲ. "ನಿಜಾಮನ ಕಾಲದಾಗ ಒಬ್ಬಾಕಿ ಇದ್ಳು. ಒಂದೇ ಹೊಲದ ಫಿರ್ಯಾದ ಔರಾದಿನ ಕಚೇರ್ಯಾಗೂ ಕೊಟ್ಳು, ಭಾಲ್ಕಿ ಕಚೇರ್ಯಾಗೂ ಕೊಟ್ಳು. ಎರಡೂ ಕಡಿ ಒಂದೇ ದಿನ ಕೂಗಿದ್ರು. ಬಿಸಲಾಗ ಓಡಿಕೋತ ಹೋಗಿ ಈ ಮರದ ಬುಡಕ್ಕ ಬಿದ್ದು ಸತ್ಲು. ಎರಡೂ ಕಡಿ ಗೈರಹಾಜರ ಅಂತ ಬರದ್ರು. ಈಗ ಇಲ್ಲಿ ಕಚೇರಿ ನಡಸೋದು ಆಕಿನೇ. ತನ್ನಂಗ ಎರಡು ಕಡಿ ಹೋದಾಕಿನ ಕಂಡ್ರ ಆಕಿಗಿ ಆಸಿ ಹುಟ್ತದ. ನಿನಗ ಇರೋದು ಒಂದೇ ಮೈ, ನೋಡು."

"ಎರಡು ಮೈ ಇದ್ರ ಒಂದನ್ನ ಸಾಲಿಗಿ ಕಳಿಸಿ ಇನ್ನೊಂದನ್ನ ಮನ್ಯಾಗ ಮಲಗಸ್ತಿದ್ದೆರಿ," ಎಂದು ಈಶ್ವರಿ ನಕ್ಕೇಬಿಟ್ಟಳು.

ಮುದುಕಿ ನಗಲಿಲ್ಲ. "ಮೊಳಿ ತಗೋ," ಎಂದಳು.

ಹುಣಸೆಯ ಕಾಂಡದ ತುಂಬ ಮೊಳೆಗಳಿದ್ದವು. ಒಂದೊಂದು ಮೊಳೆಗೂ ಒಂದೊಂದು ಬಟ್ಟೆಯ ಚೂರು, ಬಿಸಿಲಿಗೆ ಬಣ್ಣ ಕಳೆದುಕೊಂಡು ಜೋತಾಡುತ್ತಿತ್ತು. ಕೊಳೆತ ಹುಣಸೆಹಣ್ಣು, ತುಕ್ಕು, ಸುಟ್ಟ ಮೆಣಸಿನಕಾಯಿ, ಈ ಮೂರೂ ಕಲೆತ ವಾಸನೆ ಗಂಟಲಿಗೆ ಅಡರುತ್ತಿತ್ತು. ಫಿರ್ಯಾದಿಯಾದವಳು ತನ್ನ ಸೆರಗಿನ ಅಂಚು ಹರಿದು, ತಂದೆಯ ಹೆಸರು ಸೇರಿಸಿ ತನ್ನ ಹೆಸರನ್ನು ಮೂರು ಸಲ ಹೇಳಿ, ಅದನ್ನು ತನ್ನ ಕೈಯಿಂದಲೇ ಮರಕ್ಕೆ ಜಡಿಯಬೇಕು. ಅದು ಇಲ್ಲಿಯ ಪದ್ಧತಿ. ಈಶ್ವರಿ ಸೆರಗು ಹರಿದಳು, ಹೆಸರು ಹೇಳಿದಳು. ಅಮಿತ ಕಲ್ಲು ಎತ್ತಿ ಕೊಟ್ಟ. ಅವಳು ಜಡಿದಳು. ಮೊಳೆ ಮೆತ್ತಗಿನ ಯಾವುದಕ್ಕೋ ಇಳಿದಂತೆ ಸಲೀಸಾಗಿ ಇಳಿಯಿತು.

"ಮೂರು ಪೇಶಿ, ಮೂರು ವಿಚಾರಣಿ," ಎಂದಳು ಗುಂಡಮ್ಮ. "ಪೇಶಿಗೊಂದು ಕೂಗು. ಮೂರನೇ ಕೂಗಿಗಿ ತೀರ್ಪು. ಮೊದಲನೇದು ಬರೋ ಹದಿನೆಂಟಕ್ಕ, ಮಧ್ಯಾಹ್ನ."

ಭಾಲ್ಕಿಯ ಕೋರ್ಟಿನ ತಾರೀಖೂ ಹದಿನೆಂಟೇ. ಕಾಕತಾಳೀಯ ಎಂದುಕೊಂಡು ಈಶ್ವರಿ ಸೀರೆಗೆ ಹತ್ತಿದ ಮಣ್ಣು ಕೊಡವಿ ಎದ್ದಳು.

ಅವಳನ್ನು ಆ ಮರದ ಬುಡಕ್ಕೆ ಕರೆತಂದವನು ತಮ್ಮನೇ. ತಾಯಿ ತೀರಿಕೊಂಡಾಗ ಅಮಿತನಿಗೆ ನಾಲ್ಕು ವರ್ಷ, ಅವಳಿಗೆ ಹದಿನೈದು. ಖಟಕ ಚಿಂಚೋಳಿಯ ಅಪ್ಪನ ಮನೆಯಲ್ಲಿ ಅವನು ಯಾವ ಮೂಲೆಯಿಂದ "ಅಕ್ಕಾ" ಅಂದರೂ ಇವಳು "ಓ" ಅನ್ನಬೇಕಿತ್ತು. ತಡವಾದರೆ ಅಳು ಶುರು. ರೊಟ್ಟಿ ಬಡಿಯುತ್ತ ಓ, ಪರೀಕ್ಷೆಗೆ ಓದುತ್ತ ಓ, ಜ್ವರದಲ್ಲಿ ಮಲಗಿದ್ದಾಗಲೂ ಓ. ಅವನಿಗಾಗಿ ಎರಡು ವರ್ಷ ಕಾಲೇಜು ಬಿಟ್ಟಳು. ಅದನ್ನು ಎಂದೂ ಎತ್ತಿ ಆಡಿದವಳಲ್ಲ.

ತಂದೆ ಮನ್ಮಥಪ್ಪ ತೀರಿಕೊಂಡ ವರ್ಷ ಅದೇ ತಮ್ಮ ಏಳು ಎಕರೆ ಹೊಲವನ್ನೂ ತನ್ನೊಬ್ಬನ ಹೆಸರಿಗೆ ಮಾಡಿಸಿಕೊಂಡ. ಅರ್ಜಿಗೆ ಅವನು ಲಗತ್ತಿಸಿದ ವಂಶವೃಕ್ಷದಲ್ಲಿ ಮನ್ಮಥಪ್ಪನಿಗೆ ಒಬ್ಬನೇ ಮಗ. ಮಗಳು ಹುಟ್ಟೇ ಇಲ್ಲ. ಆ ಹಾಳೆಯ ನಕಲು ಕೈಗೆ ಬಂದ ದಿನ ಈಶ್ವರಿಗೆ ತುತ್ತು ಇಳಿಯಲಿಲ್ಲ. ಮೂರೂವರೆ ಎಕರೆ ಇಲ್ಲದಿದ್ದರೆ ಅವಳ ಸಂಸಾರವೇನೂ ಮುಳುಗುತ್ತಿರಲಿಲ್ಲ. ಆದರೆ ತಾನು ಆ ಮನೆಯ ಮಗಳು ಎಂದು ಒಂದು ಕಾಗದ ಒಪ್ಪಲೇಬೇಕು ಎಂಬ ಹಟ ಹುಟ್ಟಿಬಿಟ್ಟಿತು. ಭಾಲ್ಕಿಯಲ್ಲಿ ಪಾಲಿನ ದಾವೆ ಹಾಕಿದಳು. ದಾವೆಯಲ್ಲಿ ಗಂಡನ ಹೆಸರು ಬೇಡ, ಈಶ್ವರಿ ತಂದೆ ಮನ್ಮಥಪ್ಪ ಎಂದೇ ಬರೆಯಿರಿ ಎಂದು ವಕೀಲರಿಗೆ ಹೇಳಿದಳು. ಇಷ್ಟಾದರೂ ತಮ್ಮನ ಮೇಲೆ ಅವಳಿಗೆ ಪೂರ್ತಿ ಸಿಟ್ಟು ಬರಲಿಲ್ಲ. ತಪ್ಪನ್ನೆಲ್ಲ ಅವನ ಹೆಂಡತಿ ಶಿವಕಾಂತಾಳ ತಲೆಗೆ ಕಟ್ಟಿ ಸಮಾಧಾನ ಮಾಡಿಕೊಂಡಿದ್ದಳು. ಹಾಗೆ ಮಾಡುವುದು ನಮಗೆಲ್ಲ ಸುಲಭ ನೋಡಿ, ಹೊರಗಿನಿಂದ ಬಂದವರನ್ನು ಬೈದರೆ ಮನೆಯವರು ಮನೆಯವರಾಗಿಯೇ ಉಳಿಯುತ್ತಾರೆ.

ಬೀದರಿನ ಗಾಂಧಿ ಗಂಜ್ ಮಾರುಕಟ್ಟೆಗೆ ಸೋಯಾ ಹಾಕಲು ಬಂದ ಅಮಿತ ಅವಳ ಮನೆಗೆ ಬಂದು ಕಣ್ಣೀರು ಹಾಕಿದ್ದ. "ಕೊಡಬಾರ್ದಂತ ನನಗೇನಿಲ್ಲ ಅಕ್ಕಾ. ಶಿವಕಾಂತಾಂದೇ ಹಟ. ಹುಣಸಿಮರದ ಮಾತು ಮಾತ್ರ ಆಕಿ ಮೀರಲ್ಲ. ನೀ ಅಲ್ಲೊಂದು ಫಿರ್ಯಾದ ಇಡು. ಕೋರ್ಟಿನ್ಯಾಗ ಅದ ಅಂತ ಹೇಳಬ್ಯಾಡ, ಮುದುಕಿ ತಗೊಳಲ್ಲ. ಸೋಮವಾರ ನಾನೇ ಭಾಲ್ಕಿಗಿ ಹೋಗಿ ರಾಜಿ ಅರ್ಜಿ ಹಾಕ್ತೇನಿ." ಸೋಮವಾರ ದಾವೆಯೇ ಮುಗಿಯುವುದಾದರೆ ಮರದ ಮುಂದೆ ಹೇಳುವ ಸುಳ್ಳು ಸುಳ್ಳೇ ಅಲ್ಲ ಎಂದು ಈಶ್ವರಿ ಒಪ್ಪಿಕೊಂಡಿದ್ದಳು.

ಸೋಮವಾರ ರಾಜಿ ಅರ್ಜಿ ಬರಲಿಲ್ಲ. ಮರುದಿನವೂ ಇಲ್ಲ. ಅವನ ಫೋನು ರಿಂಗಾಗಿ ರಿಂಗಾಗಿ ನಿಲ್ಲುತ್ತಿತ್ತು. ಹದಿನೆಂಟು ಬಂತು.

ಭಾಲ್ಕಿ ಕೋರ್ಟಿನ ಪಡಸಾಲೆಯಲ್ಲಿ ಹಳೆಯ ಕಡತಗಳ ಮುಗ್ಗು ವಾಸನೆ, ಬೆವರಿನ ಕರಿ ಕೋಟು, ಚಹಾದ ಹಬೆ. ಅಮಿತ ಬಂದಿರಲಿಲ್ಲ. ಅವಳ ವಕೀಲ ಮಚ್ಛೇಂದ್ರ ಅವಳು ಹೇಳಿದ ಮರದ ಕತೆಯನ್ನು ಕೇಳಿ ನಗುತ್ತಾರೆಂದುಕೊಂಡಿದ್ದಳು. ಅವರು ಕನ್ನಡಕ ತೆಗೆದು ಒರೆಸಿಕೊಂಡರು.

"ಈ ವಿಷಯ ಬ್ಯಾರೆ ಯಾವ ಕೋರ್ಟಿನ್ಯಾಗೂ ಇಲ್ಲ ಅಂತ ದಾವಾದಾಗ ನೀವು ಸಹಿ ಮಾಡೀರಿ ಮೇಡಮ್. ಮರದ ಕಚೇರಿ ನಮ್ಮ ಕಾನೂನಿನ್ಯಾಗ ಬರಲ್ಲ, ಅದಕ್ಕ ನನಗ ಚಿಂತಿಲ್ಲ. ಆದ್ರ ಅವರ ಕಾನೂನಿನ್ಯಾಗ ನಾವು ಬರ್ತೇವೇನೊ, ಯಾರಿಗಿ ಗೊತ್ತು?"

"ನೀವೂ ಹಿಂಗ ಅಂದ್ರ ಹ್ಯಾಂಗ್ರಿ ವಕೀಲ್ ಸಾಬ್ರ?" ಎಂದು ಅವಳು ಅನ್ನುವಷ್ಟರಲ್ಲಿ ಜವಾನ ಬಾಗಿಲಿಗೆ ಬಂದು ಕೂಗಿದ. "ಈಶ್ವರಿ ತಂದೆ ಮನ್ಮಥಪ್ಪ."

ಅದೇ ಗಳಿಗೆಯಲ್ಲಿ, ಎಡಗಿವಿಯ ಹತ್ತಿರ, ತುಟಿ ತಾಗುವಷ್ಟು ಹತ್ತಿರದಲ್ಲಿ, ಇನ್ನೊಂದು ದನಿ ಅದೇ ಹೆಸರು ಕೂಗಿತು. ಎಲ್ಲೋ ಕೇಳಿದ ದನಿ. ಯಾರದೆಂದು ಹೊಳೆಯುವ ಮೊದಲೇ ಅವಳ ಬಾಯಿ "ಓ, ಬಂದೆ" ಅಂದುಬಿಟ್ಟಿತ್ತು. ಸುಟ್ಟ ಮೆಣಸಿನಕಾಯಿಯ ಘಾಟು ಮೂಗಿಗೆ ರಪ್ಪನೆ ಬಡಿಯಿತು. ಆಮೇಲೆ ಏನೂ ಇಲ್ಲ. ಮುಗ್ಗು ಇಲ್ಲ, ಚಹಾ ಇಲ್ಲ, ಬೆವರಿಲ್ಲ. ಜಗತ್ತನ್ನು ಯಾರೋ ತೊಳೆದು ಒಣಹಾಕಿದಂತಿತ್ತು.

ನೆಗಡಿ ಇರಬೇಕು ಎಂದುಕೊಂಡಳು. ನೆಗಡಿಯಿರಲಿಲ್ಲ. ಮರುದಿನ ಶಾಲೆಯ ಬಿಸಿಯೂಟದ ಕೋಣೆಯಲ್ಲಿ ಬೇಳೆ ತಳಹತ್ತಿ ಹೊಗೆಯಾಡುತ್ತಿದ್ದರೂ ಪಕ್ಕದಲ್ಲೇ ನಿಂತಿದ್ದ ಅವಳಿಗೆ ತಿಳಿಯಲಿಲ್ಲ. ಅಡುಗೆಯ ಬಿಸ್ಮಿಲ್ಲಾಬೀ ಓಡಿಬಂದು ಪಾತ್ರೆ ಇಳಿಸಿದಳು. ಇಳಿಸಿ, ಸೆರಗಿನಿಂದ ಕೈ ಒರೆಸಿಕೊಳ್ಳುತ್ತ, ತುಸು ಅಂಜಿಕೊಂಡೇ ಕೇಳಿದಳು.

"ಟೀಚರಮ್ಮಾ, ನಿನ್ನಿ ಮಧ್ಯಾಹ್ನ ಔರಾದಿಗಿ ಬಂದಿದ್ರೇನ್ರಿ? ನಾ ತವರುಮನಿಗಿ ಹೋಗಿದ್ದೆ. ರೋಡಿನ ಬಾಜೂಕ ನೀವು ಬರಿಗಾಲಾಗ ನಡಕೋತ ಹೊಂಟಿದ್ರಿ. ಸಲಾಂ ಅಂದೆ. ಹೊಳ್ಳಿ ನೋಡ್ಲಿಲ್ಲ."

"ನಾ ಭಾಲ್ಕ್ಯಾಗ ಇದ್ದೆ. ಬ್ಯಾರೆ ಯಾರನ್ನರೆ ನೋಡೀದಿ."

"ಇರಬೌದ್ರಿ," ಎಂದಳು ಬಿಸ್ಮಿಲ್ಲಾಬೀ. ಆದರೆ ಅವತ್ತಿನಿಂದ ಅವಳು ಈಶ್ವರಿಗೆ ಚಹಾ ಕೊಡುವಾಗ ಲೋಟವನ್ನು ಕೈಗೆ ಕೊಡದೆ ಕಟ್ಟೆಯ ಮೇಲೆ ಇಡತೊಡಗಿದಳು.

ಎರಡನೆಯ ಪೇಶಿ ತಿಂಗಳ ಮೇಲೆ ಬಂತು. ಮತ್ತೆ ಭಾಲ್ಕಿ, ಮತ್ತೆ ಅದೇ ಪಡಸಾಲೆ, ಮತ್ತೆ ತಮ್ಮನಿಲ್ಲ. ಈ ಸಲ ಏನೇ ಆದರೂ ಬಾಯಿ ತೆರೆಯಬಾರದೆಂದು ತುಟಿ ಬಿಗಿಹಿಡಿದು ಕೂತಳು. ಜವಾನ ಕೂಗಿದ. ಎಡಗಿವಿಯಲ್ಲಿ ಆ ದನಿಯೂ ಕೂಗಿತು. ಕೂಗಿ, ಸ್ವಲ್ಪ ತಡೆದು, ಮೆಲ್ಲಗೆ "ಅಕ್ಕಾ" ಅಂದಿತು. ತುಟಿ ತಾವಾಗಿಯೇ ಬಿಚ್ಚಿಕೊಂಡವು. "ಓ."

ಎಡಗಿವಿ ಹೋಯಿತು. ಹೋಯಿತೆಂದರೆ ಕಿವುಡಾಗಲಿಲ್ಲ. ಕಿವುಡಾಗಿದ್ದರೆ ಎಷ್ಟೋ ವಾಸಿಯಿತ್ತು. ಬಲಗಿವಿಗೆ ಕೋರ್ಟಿನ ಗದ್ದಲ ಕೇಳುತ್ತಿತ್ತು. ಎಡಗಿವಿಗೆ ಒಣ ಹುಣಸೆಕಾಯಿ ಗಾಳಿಗೆ ಗಿಲಕಿಯಾಡುವ ಸದ್ದು, ಕಾಗೆ, ಮರಕ್ಕೆ ಜೋತ ಬಟ್ಟೆಚೂರುಗಳ ಪಟಪಟ. ಕಿವಿ ಅಲ್ಲೇ ಉಳಿದುಬಿಟ್ಟಿತ್ತು. ಬೀದರಿನ ಡಾಕ್ಟರು ಎರಡು ಪರೀಕ್ಷೆ ಮಾಡಿಸಿ, ಕಿವಿಯಲ್ಲಿ ಏನೂ ದೋಷವಿಲ್ಲ, ಸ್ವಲ್ಪ ವಿಶ್ರಾಂತಿ ತಗೊಳ್ಳಿ ಎಂದರು. ಅವಳೂ ಹಾಗೇ ಅಂದುಕೊಳ್ಳಲು ನೋಡಿದಳು. ಹಗಲೆಲ್ಲ ಪಾಠ ಮಾಡುತ್ತ, ಹಿಂದೆಯೇ ಯಾರೋ ನಿಧಾನಕ್ಕೆ ಉಸಿರಾಡುವುದನ್ನು ಕೇಳುತ್ತ ಎಷ್ಟು ದಿನ ಹಾಗೆ ಅಂದುಕೊಳ್ಳಲಾದೀತು?

ಒಂದು ಬುಧವಾರ, ಒಂಬತ್ತನೇ ತರಗತಿಯ ಬೋರ್ಡಿನ ಮೇಲೆ ಚಿತ್ರ ಬರೆಯುತ್ತಿದ್ದಾಗ, ಎಡಗಿವಿಯಲ್ಲಿ ಮೋಟರ್‌ಸೈಕಲ್ ಬಂದು ನಿಂತ ಸದ್ದಾಯಿತು. ಆ ಸೈಲೆನ್ಸರಿನ ಗುಟುರು ಅವಳಿಗೆ ಗೊತ್ತಿತ್ತು. ಅದು ಅಮಿತನ ಗಾಡಿ.

"ಎರಡು ಮುಗದಾವ್ರಿ ಆಯಿ. ಮೂರನೇದಕ್ಕ ಏನ್ ಹೋಗ್ತದ?"

"ದನಿ." ಗುಂಡಮ್ಮನ ದನಿ ಅದು. "ದನಿ ಹೋದ ಮ್ಯಾಲ ಉಳಿದದ್ದೂ ಅದರ ಬೆನ್ನ ಹತ್ತಿ ಬರ್ತದ."

"ದನಿ ಹೋದ್ರ ಸಾಕ್ರಿ. ಅವತ್ತು ಕೋರ್ಟಿನ್ಯಾಗ ಆಕಿದು ಸಾಕ್ಷಿ ಅದ. ಬಾಯಿ ಬಿಡ್ಲಿಲ್ಲಂದ್ರ ದಾವಾ ಬೀಳ್ತದ."

"ಎರಡು ಕಡಿ ಅದ ಅಂತ ನಿನಗ ಮೊದ್ಲೇ ಗೊತ್ತಿತ್ತು."

"ಇಲ್ಲ ಅನ್ನು ಅಂತ ಹೇಳಿಕೊಟ್ಟಾಂವ ನಾನೇರಿ."

"ನಿನ್ನ ಹೆಂಡ್ತಿಗಿ ಗೊತ್ತದೇನು?"

"ಇಲ್ರಿ. ಅಕ್ಕನ ಪಾಲು ಅಕ್ಕಗ ಕೊಟ್ಟುಬಿಡು ಅಂತ ಆಕಿ ಮೊದಲಿಂದ ತಲಿ ತಿಂತಾಳ."

ಚಾಕು ನಿಂಬೆಹಣ್ಣಿಗೆ ಇಳಿದ ಸದ್ದು. ಆಮೇಲೆ ಮುದುಕಿ ಕೇಳಿದಳು. "ಕೂಗೋನು ನೀನು. ಮೂರನೇ ಕೂಗಿಗಿ ಆಕಿ ಓ ಅನ್ನಲಿಲ್ಲಂದ್ರ?"

ಅಮಿತ ನಕ್ಕ. "ನಾ ಕರದ್ರ ಅಕ್ಕ ಓ ಅನ್ನಲ್ದೇ ಇರಲ್ರಿ. ಸಣ್ಣಾಂವ ಇದ್ದಾಗಿಂದ ನೋಡೀನಿ."

ಕೈಯಲ್ಲಿದ್ದ ಸೀಮೆಸುಣ್ಣ ಮುರಿಯಿತು. ಈಶ್ವರಿ ಬೋರ್ಡಿಗೆ ಹಣೆ ಒತ್ತಿ ನಿಂತಳು. ಹುಡುಗಿಯರು ಗುಸುಗುಸು ಮಾಡಿದರು. ಹೊಲ ಹೋದದ್ದಕ್ಕೆ, ವಂಶವೃಕ್ಷದಲ್ಲಿ ಹೆಸರಿಲ್ಲದ್ದಕ್ಕೆ ಅವಳು ಅತ್ತಿರಲಿಲ್ಲ. ಈಗ ಅತ್ತಳು. ತಾನು ಅವನಿಗೆ ಕೊಟ್ಟ ಪ್ರೀತಿಯನ್ನೇ ಅವನು ಹಿಡಿಕೆ ಮಾಡಿಕೊಂಡು ಅವಳನ್ನು ಹಿಡಿದಿದ್ದ. ಅವಳು ಸಾಕಿದ್ದು ಇವನನ್ನೇ? ಇಷ್ಟು ದಿನ ಶಾಪ ಹಾಕಿದ್ದು ಆ ಬಡಪಾಯಿ ಶಿವಕಾಂತಾಳಿಗೆ.

ಅಂದೇ ಬಸ್ಸು ಹಿಡಿದು ಔರಾದಿಗೆ ಹೋದಳು. ಗುಂಡಮ್ಮ ಅವಳಿಗಾಗಿಯೇ ಕಾಯುತ್ತಿದ್ದವಳಂತೆ ಮರದ ಬುಡ ಗುಡಿಸುತ್ತಿದ್ದಳು.

"ಮೊಳಿ ಕೀಳ್ತೇನಿ ಆಯಿ. ನನಗ ಈ ಫಿರ್ಯಾದ ಬ್ಯಾಡ."

"ಇಬ್ರೂ ಕೂಡಿ ಕಿತ್ರ ಬರ್ತದ. ಅವ ಕೈ ಹಚ್ಚಲ್ಲ."

"ನನ್ನ ಮ್ಯಾಲ ಹಿಂಗ ಮಾಡ್ಲತ್ತಾನಂತ ಗೊತ್ತಿದ್ದೂ ನೀವು ಸುಮ್ನಿದ್ರಿ."

"ನಾ ಯಾರ ಕಡಿನೂ ಅಲ್ಲ ತಾಯಿ. ಎರಡು ಸಲ ಕೇಳ್ದೆ. ನೀ ನಕ್ಕಿ." ಮುದುಕಿ ಪೊರಕೆ ಕೆಳಗಿಟ್ಟಳು. "ಕಾನೂನು ಕೇಳಿದವರಿಗಿ ಹೇಳ್ತೇನಿ. ಅವ ಕೇಳಿದ, ಹೇಳ್ದೆ. ನೀ ಈಗ ಕೇಳ್ಲತ್ತಿ. ಎರಡು ಕಚೇರ್ಯಾಗ ಒಂದು ಬಿಡಬೇಕು. ಭಾಲ್ಕಿಗಿ ಹೋದ್ರ ಅಲ್ಲಿ ಓ ಅಂತಿ, ಅನ್ನಲ್ದೇ ಗತಿಯಿಲ್ಲ, ಇಲ್ಲಿ ನಿನ್ನ ದನಿ ಬರ್ತದ. ಅದಕ್ಕ ಬ್ಯಾಡ. ಇಲ್ಲಿ ಬಂದು ಅವನ ಬೆನ್ನಿಂದ ನಿಂದ್ರು. ಅವ ಏನು ಅಂದು ಕರದ್ರೂ ಬಾಯಿ ತೆರೀಬ್ಯಾಡ. ಹೋದದ್ದು ಹೊಳ್ಳಿ ಬರಲ್ಲ. ಉಳದದ್ದು ಉಳೀತದ."

"ಓ ಅನ್ನಲಿಲ್ಲಂದ್ರ ಅವನಿಗಿ ಏನಾಗ್ತದ?"

"ಅವ ಅದನ್ನ ಕೇಳಲಿಲ್ಲ, ನಾ ಹೇಳಲಿಲ್ಲ," ಎಂದಳು ಗುಂಡಮ್ಮ. "ನೀನೂ ಕೇಳಬ್ಯಾಡ."

ಮೂರನೆಯ ಪೇಶಿಯ ತಾರೀಖಿಗೆ ಭಾಲ್ಕಿಗೆ ಹೋಗದಿದ್ದರೆ ದಾವೆ ವಜಾ ಆಗುತ್ತದೆಂದು ಮಚ್ಛೇಂದ್ರ ಮೊದಲೇ ಎಚ್ಚರಿಸಿದ್ದರು. ಈಗಾಗಲೇ ಎರಡು ಸಲ ಮುಂದಕ್ಕೆ ಹೋಗಿದೆ, ಇನ್ನೊಮ್ಮೆ ಜಡ್ಜ್ ಸಾಹೇಬರು ತಾರೀಖು ಕೊಡುವುದಿಲ್ಲ. ದಾವೆ ಹೋದರೆ ಮೂರೂವರೆ ಎಕರೆ ಹೋಯಿತು, ಮನ್ಮಥಪ್ಪನ ಮಗಳೂ ಹೋದಳು. ಈಶ್ವರಿ ಎರಡು ವಾರ ಸರಿಯಾಗಿ ಉಣ್ಣದೆ ಯೋಚಿಸಿದಳು. ಕೊನೆಗೆ ಆ ದಿನ ಬೆಳಿಗ್ಗೆ ಬೀದರಿನ ಬಸ್‌ಸ್ಟ್ಯಾಂಡಿನಲ್ಲಿ ಭಾಲ್ಕಿಯ ಬಸ್ಸು ಎದುರಿಗೇ ಹೊರಟುಹೋಗಲು ಬಿಟ್ಟು ಔರಾದಿನ ಬಸ್ಸು ಹತ್ತಿದಳು.

ಮಟಮಟ ಮಧ್ಯಾಹ್ನ. ತೊಗರಿ ಕೊಯ್ದ ಹೊಲದಲ್ಲಿ ಬರೀ ಕೂಳೆ. ಗಾಳಿ ಇರಲಿಲ್ಲ, ಆದರೂ ಮರದ ಮೇಲಿನ ಬಟ್ಟೆಚೂರುಗಳು ಆಡುತ್ತಿದ್ದವು. ಅಮಿತ ಮರಕ್ಕೆ ಮುಖ ಮಾಡಿ ಕೂತಿದ್ದ. ಅವನ ಮುಂದೆ ಕೊಯ್ದ ನಿಂಬೆಹಣ್ಣು, ಕಾಗದದಲ್ಲಿ ಸುತ್ತಿದ ಅವಳ ತಲೆಗೂದಲು, ಅವಳದೇ ಹಳೆಯ ರವಿಕೆಯ ಚೂರು. ಮನೆಗೆ ಬಂದು ಅತ್ತ ದಿನ ಒಯ್ದಿರಬೇಕು. ಈಶ್ವರಿ ಚಪ್ಪಲಿ ಬಿಟ್ಟು, ಬಿಸಿ ಮಣ್ಣಿನ ಮೇಲೆ ಸದ್ದಾಗದಂತೆ ನಡೆದು, ಅವನ ಬೆನ್ನ ಹಿಂದೆ ಹತ್ತು ಮಾರು ದೂರದಲ್ಲಿ ನಿಂತಳು.

ಆಗ ಮರದ ಬುಡದಲ್ಲಿ ಇನ್ನೊಬ್ಬಳನ್ನು ಕಂಡಳು.

ಮೊಳೆ ಜಡಿದ ದಿನ ಈಶ್ವರಿ ಉಟ್ಟಿದ್ದ ಸೀರೆಯೇ. ಹರಿದ ಅಂಚೂ ಹಾಗೇ. ಅವಳದೇ ಕೂದಲು, ಅವಳದೇ ಬಾಗಿದ ಭುಜ. ತಲೆ ನಿಧಾನವಾಗಿ ತಿರುಗಿತು. ಮೂಗು ಇತ್ತು. ಎಡಗಿವಿ ಇತ್ತು. ಉಳಿದ ಮುಖ ಇನ್ನೂ ಬಂದಿರಲಿಲ್ಲ. ತಟ್ಟಿಟ್ಟ ಹಿಟ್ಟಿನ ಹಾಗೆ ನುಣ್ಣಗಿತ್ತು. ಆ ಮೂಗು ಗಾಳಿಯಲ್ಲಿ ಅವಳ ವಾಸನೆ ಹುಡುಕಿತು.

ಅಮಿತನಿಗೆ ಅದು ಕಾಣುತ್ತಿರಲಿಲ್ಲ. ಅವನು ಗಡಿಯಾರ ನೋಡಿಕೊಂಡ. ಗಂಟಲು ಸರಿಮಾಡಿಕೊಂಡ.

"ಈಶ್ವರಿ ತಂದೆ ಮನ್ಮಥಪ್ಪ."

ಅವಳ ಚೀಲದಲ್ಲಿ ಫೋನು ಗುರ್ ಎಂದಿತು. ಮಚ್ಛೇಂದ್ರರೇ ಇರಬೇಕು. ಭಾಲ್ಕಿಯಲ್ಲೂ ಕೂಗುತ್ತಿದ್ದಾರೆ. ಇದೇ ಗಳಿಗೆ. ಇದೇ ಹೆಸರು. ಗಂಟಲಲ್ಲಿ ಓ ಎದ್ದು ಬಂತು. ಸೆರಗು ಬಾಯಿಗೆ ತುರುಕಿಕೊಂಡಳು. ಫೋನು ನಿಂತಿತು. ಮತ್ತೆ ಬಡಿದುಕೊಂಡಿತು. ಮತ್ತೆ ನಿಂತಿತು. ಅಲ್ಲಿ ಮುಗಿಯಿತು. ಅಪ್ಪನ ಮಗಳು ಗೈರುಹಾಜರು.

"ಅಕ್ಕಾ."

ಸೆರಗನ್ನು ಹಲ್ಲಿನಿಂದ ಕಚ್ಚಿ ಹಿಡಿದಳು.

"ಅಕ್ಕಾ, ಓ ಅನ್ನಲ್ಲೇನು?"

ಹಲ್ಲು ತುಟಿಗೆ ಇಳಿಯಿತು. ನಾಲಿಗೆಗೆ ಉಪ್ಪು ಹತ್ತಿತು. ಅಮಿತನ ಕತ್ತು ಬೆವೆತಿತ್ತು. ಅವನಿಗೆ ಗಾಬರಿ ಶುರುವಾಗಿತ್ತು. ಈಗ ಅವನ ದನಿ ಸಣ್ಣದಾಯಿತು, ನಾಲ್ಕು ವರ್ಷದ ದನಿಯಾಯಿತು. ಬೇಕೆಂದೇ ಮಾಡಿದನೋ, ಭಯಕ್ಕೆ ಆಯಿತೋ.

"ಅಕ್ಕಾ, ನನಗ ಅಂಜಿಕಿ ಆಗ್ಲತ್ತದ. ಎಲ್ಲಿದ್ದಿ?"

ಎದೆ ಕಿತ್ತು ಬಂತು. ಕಾಲು ಒಂದು ಹೆಜ್ಜೆ ಮುಂದೆ ಹೋಯಿತು. ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡಳು. ಕಣ್ಣೀರು ಬೆರಳ ಸಂದಿಯಲ್ಲಿ ಇಳಿಯಿತು. ಓ ಅನ್ನಲಿಲ್ಲ.

ಹಿಟ್ಟಿನಂಥ ಆ ಮುಖ ಮೂಗಿನ ಕೆಳಗೆ ಸೀಳಿತು. ಒಣಬಟ್ಟೆ ಹರಿದ ಸದ್ದು. ಸೀಳು ಅಗಲವಾಯಿತು. ಒಳಗೆ ಕತ್ತಲೆ, ಕತ್ತಲೆಯೊಳಗೆ ಮೊಳೆಗಳು.

"ಓ, ತಮ್ಮಾ," ಅಂದಿತು. ಈಶ್ವರಿಯದೇ ದನಿ.

ಈಗ ಅವನಿಗೂ ಕಂಡಿತು. ಅವನು ಹಿಂದಕ್ಕೆ ಬಿದ್ದ. ತೆವಳಿದ. ತಿರುಗಿ ನಿಜವಾದ ಅಕ್ಕನನ್ನು ನೋಡಿದ. ಕೈ ಚಾಚಿದ. ಅದು ಅವನ ಪಕ್ಕದಲ್ಲಿ ಕೂತು, ಅವನ ಹಣೆಯ ಬೆವರನ್ನು ತನ್ನ ಹರಿದ ಸೆರಗಿನಿಂದ ಒರೆಸತೊಡಗಿತು. ಈಶ್ವರಿ ಓಡಿದಳು. ಕೂಳೆ ಚುಚ್ಚಿತು. ಬಿದ್ದಳು. ಎದ್ದಳು. ರಸ್ತೆ ಸಿಗುವವರೆಗೆ ನಿಲ್ಲಲಿಲ್ಲ.

ದಾವೆ ವಜಾ ಆಯಿತು. ಮೂವತ್ತು ದಿನದೊಳಗೆ ಅರ್ಜಿ ಹಾಕಿದರೆ ಮತ್ತೆ ತೆರೆಯಬಹುದೆಂದು ಮಚ್ಛೇಂದ್ರ ಪ್ರಮಾಣಪತ್ರ ಸಿದ್ಧಮಾಡಿಕೊಂಡು ಬೀದರಿಗೇ ಬಂದರು. ಇದೇ ವಿಷಯ ಬೇರೆಲ್ಲೂ ಬಾಕಿ ಇಲ್ಲ ಎಂಬ ಸಾಲಿನವರೆಗೆ ಓದಿ ಅವಳು ಪೆನ್ನು ಕೆಳಗಿಟ್ಟಳು. ಮೊಳೆ ಇನ್ನೂ ಮರದಲ್ಲೇ ಇತ್ತು. "ಬ್ಯಾಡ್ರಿ ವಕೀಲ್ ಸಾಬ್ರ," ಎಂದಳು. ಅವರು ಪ್ರಮಾಣಪತ್ರವನ್ನು ಮಡಿಚಿ ಚೀಲಕ್ಕೆ ಹಾಕಿಕೊಂಡರು.

ಇಪ್ಪತ್ತಾರನೆಯ ದಿನ ಮಧ್ಯಾಹ್ನ ಶಿವಕಾಂತಾ ಬಂದಳು. ಕಣ್ಣು ಗುಳಿ ಬಿದ್ದಿದ್ದವು. ಬಾಗಿಲಲ್ಲೇ ಕುಸಿದು ಕೂತಳು.

"ಅಕ್ಕಾರ, ನಮ್ಮ ಮನ್ಯಾಗ ಯಾರೋ ಬಂದು ಸೇರ್ಯಾರ. ಅಡಗಿಮನ್ಯಾಗ ರೊಟ್ಟಿ ಬಡೀತಾರ, ನೋಡಿದ್ರ ಯಾರೂ ಇಲ್ಲ. ಇವರು ನಿದ್ದ್ಯಾಗ ನರಳಿದ್ರೂ ಓ ಅಂತದ. ಕೆಮ್ಮಿದ್ರೂ ಓ ಅಂತದ. ತಮ್ಮ ಕೈಲೆ ಉಣ್ಣಾಕ ಬಿಡಲ್ಲ, ತಾನೇ ಉಣಸ್ತದ. ಇವರು ಕಡ್ಡಿ ಆಗ್ಯಾರ್ರಿ." ಸೆರಗಿನೊಳಗಿಂದ ಒಂದು ಕಾಗದ ತೆಗೆದಳು. "ಏಳೂ ಎಕರೆ ನಿಮ್ಮ ಹೆಸರಿಗಿ ಬರದು ಸಹಿ ಮಾಡ್ಯಾರ. ವಂಶಾವಳ್ಯಾಗ ನಿಮ್ಮ ಹೆಸರೂ ಹಾಕ್ಯಾರ. ಒಮ್ಮಿ ಬಂದು ಅದನ್ನ ಕರಕೊಂಡು ಹೋಗ್ರಿ ಅಂದಾರ."

ಈಶ್ವರಿ ಕಾಗದ ಬಿಡಿಸಿದಳು. ಮನ್ಮಥಪ್ಪ. ಅದರ ಕೆಳಗೆ ಮೊದಲ ಹೆಸರು, ಈಶ್ವರಿ. ಎರಡನೆಯದು ಅಮಿತಕುಮಾರ. ತಮ್ಮನ ಅಕ್ಷರ ನಡುಗಿತ್ತು. ಅವಳ ಕರುಳು ಕರಗಿತು. ಏನೇ ಆದರೂ ಅವನು ಅವಳು ಸಾಕಿದ ಕೂಸು. ಎದ್ದು ಚಪ್ಪಲಿ ಮೆಟ್ಟಿದಳು.

ಅಷ್ಟರಲ್ಲಿ ಎಡಗಿವಿ ಮಾತಾಡಿತು. ಆ ಕಿವಿ ಈಗ ಹುಣಸೆಮರದಲ್ಲಿರಲಿಲ್ಲ, ಖಟಕ ಚಿಂಚೋಳಿಯ ಮನೆಯಲ್ಲಿತ್ತು. ಅಮಿತ ಯಾರಿಗೋ ಪಿಸುಗುಟ್ಟುತ್ತಿದ್ದ.

"ಇನ್ನ ಸ್ವಲ್ಪ ತಡಿ. ಆಕಿ ಬಂದೇ ಬರ್ತಾಳ, ನನಗ ಗೊತ್ತದ. ಹೊಸ್ತಿಲ ದಾಟಿದ್ಳಂದ್ರ ಆಕಿನ್ನೇ ಪೂರಾ ತಗೋ, ನನ್ನ ಬಿಟ್ಟುಬಿಡು. ಆ ಕಾಗದ ನಾ ಹರದ ಹಾಕ್ತೇನಿ."

ಈಶ್ವರಿ ಚಪ್ಪಲಿ ಬಿಟ್ಟಳು. ಕಾಗದವನ್ನು ಇದ್ದ ಮಡಿಕೆಯಲ್ಲೇ ಮಡಿಚಿ ಶಿವಕಾಂತಾಳ ಕೈಗೆ ಕೊಟ್ಟಳು.

"ನೀ ಇವತ್ತು ಆ ಮನಿಗಿ ಹೋಗಬ್ಯಾಡ. ತವರುಮನಿಗಿ ಹೋಗು," ಎಂದಳು. "ನಿನ್ನ ಮ್ಯಾಲ ಸುಳ್ಳ ಸುಳ್ಳೇ ಸಿಟ್ಟು ಮಾಡಿದ್ದೆ. ತಪ್ಪಾಯ್ತು."

ಶಿವಕಾಂತಾ ಅತ್ತಳು, ಕಾಲು ಹಿಡಿದಳು. ಈಶ್ವರಿ ಕದಲಲಿಲ್ಲ. ತವರಿಗೆ ಹೋಗುವ ಸಂಜೆಯ ಬಸ್ಸಿಗೆ ಅವಳನ್ನು ಹತ್ತಿಸಿ ಬಂದು, ಬಾಗಿಲು ಹಾಕಿ, ನಡುಮನೆಯ ನೆಲದ ಮೇಲೆ ಕೂತಳು. ಬಲಗಿವಿಯಲ್ಲಿ ಬೀದರಿನ ಬೀದಿಯ ಸದ್ದಿತ್ತು, ಆಟೋ, ಹಾರ್ನು, ಪಕ್ಕದ ಮನೆಯ ಟಿವಿ. ಎಡಗಿವಿಯಲ್ಲಿ ಒಬ್ಬ ಮನುಷ್ಯ ಬಾಗಿಲ ಕಡೆ ಕಾಯುತ್ತಿದ್ದ. ಹೊತ್ತು ಹೋದಹಾಗೆ ಅವನ ಉಸಿರು ಜೋರಾಯಿತು.

"ಅಕ್ಕಾ," ಎಂದ.

ಅವಳು ಅಂಗೈಯಿಂದ ಎಡಗಿವಿ ಒತ್ತಿ ಹಿಡಿದಳು. ಏನೂ ಕಡಿಮೆಯಾಗಲಿಲ್ಲ.

"ಅಕ್ಕಾ, ನೀ ಬರಲಿಲ್ಲಲ್ಲ. ಅಕ್ಕಾ..."

ಇಷ್ಟು ವರ್ಷದಲ್ಲಿ ಮೊದಲ ಸಲ ಅವನು ನಿಜವಾಗಿ ಅಂಜಿ ಕರೆಯುತ್ತಿದ್ದ. ಅದರಲ್ಲಿ ಸುಳ್ಳಿರಲಿಲ್ಲ, ಅವಳಿಗೆ ಗೊತ್ತಾಯಿತು. ಇನ್ನು ಬದುಕಿರುವಷ್ಟು ದಿನ ಇದನ್ನು ಕೇಳಬೇಕು, ಉತ್ತರ ಕೊಡಬಾರದು. ಈಶ್ವರಿ ಬಾಯಿ ಮುಚ್ಚಿಕೊಂಡು ಕೂತಳು. ಆ ಮನೆಯಲ್ಲಿ ರೊಟ್ಟಿ ಬಡಿಯುವ ಸದ್ದು ನಿಂತಿತು. ಬರಿಗಾಲಿನ ಹೆಜ್ಜೆಗಳು ಅಡುಗೆಮನೆಯಿಂದ ನಡುಮನೆಗೆ ಬಂದವು.

"ಓ, ತಮ್ಮಾ," ಎಂದಿತು ಅವಳ ದನಿ. "ಬಂದೆ."